ಒಗೆಯದ ಶಾಲಿನ ಬಗ್ಗೆ ಓದುಗರ ಅಭಿಪ್ರಾಯ

೪ ಜೂನ್

ಅಮ್ಮನಿಗೆ,

ಇದರ ಜೊತೆ ಒಂದು ಕಾದಂಬರಿ ಕಳಿಸಿದ್ದೇನೆ. ಉಡುಗೊರೆ ಎಂದುಕೊಳ್ಳಬೇಡ, ಗ್ರಂಥಾಲಯದ್ದು. ಓದಿ ವಾಪಸ್ ಕಳಿಸಬೇಕು.

ಇಲ್ಲಿನ ಗ್ರಂಥಾಲಯದ ಮಹಡಿಯಲ್ಲಿ ಭಾನುವಾರ ಒಂದು ಓದುಗರ ಬಳಗ ಸೇರುತ್ತದೆ. ನಾನೂ ಸೇರಿಕೊಂಡಿದ್ದೇನೆ. ಒಂದು ಪುಸ್ತಕ ಹಿಡಿದರೆ ಮೂರು ತಿಂಗಳು ಅದನ್ನೇ ಜಗಿಯುತ್ತಾರೆ. ಅವರದೊಂದು ಕಟ್ಟುಪಾಡಿದೆ. ಪ್ರತಿಯೊಬ್ಬರೂ ಬಳಗದ ಹೊರಗಿನ ಒಬ್ಬರಿಂದ ಅಭಿಪ್ರಾಯ ಬರೆಸಿ ತಂದು ಅಲ್ಲಿ ಗಟ್ಟಿಯಾಗಿ ಓದಬೇಕು. ಅದು ಕೈಬರಹದಲ್ಲೇ ಇರಬೇಕು. ಫೋನಿನಲ್ಲಿ ಕೇಳಿಕೊಂಡು ಬಂದರೆ ಒಪ್ಪುವುದಿಲ್ಲ. ಬೇರೆ ಯಾರನ್ನಾದರೂ ಕೇಳಬಹುದಿತ್ತು, ಆದರೆ ಎಲ್ಲರಿಗೂ ಅವರವರ ಕೆಲಸ. ನಿನಗೆ ಮೊದಲಿನಿಂದಲೂ ಓದುವ ಹುಚ್ಚು.

ಹೊಳೆ ದಾಟಿಸುವ ಒಬ್ಬ ದೋಣಿಯವನ ಕಥೆ ಇದು. ಹೆಂಡತಿ ಸತ್ತಿದ್ದಾಳೆ. ಜನ ದೋಣಿಯಲ್ಲಿ ಮರೆತುಹೋದ ವಸ್ತುಗಳನ್ನೆಲ್ಲ ಮನೆಗೆ ತಂದು ಜೋಡಿಸಿಟ್ಟು, ಒಂದೊಂದರ ವಾರಸುದಾರರನ್ನೂ ಹುಡುಕಿಕೊಂಡು ಹೋಗುತ್ತಾನೆ. ಓದಿದವರೆಲ್ಲ ಅತ್ತರಂತೆ.

ಒಂದು ಪುಟ ಬರೆದರೆ ಸಾಕು. ನನ್ನ ಕೆಲಸ ಎಂದಿನಂತೆ ನಡೆದಿದೆ, ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜುವುದು. ನಿನ್ನ ಮೊಣಕಾಲು ಹೇಗಿದೆ?

ಇಂತಿ,
ಮಗಳು


೧೫ ಜೂನ್

ಪುಟ್ಟಿಗೆ,

ಪುಸ್ತಕ ಬಂತು. ಅಂಚೆಯವನು ಬಾಗಿಲಲ್ಲಿ ಕೂಗಿದಾಗ ಕರೆಂಟ್ ಬಿಲ್ಲೇನೋ ಎಂದುಕೊಂಡು ಕಾಲೆಳೆದುಕೊಂಡು ಹೋದೆ. ಲಕೋಟೆಯ ಮೇಲೆ ನಿನ್ನ ಕೈಬರಹ ಕಂಡಿದ್ದೇ ಮೊಣಕಾಲು ನೆಟ್ಟಗಾಯಿತು. ಎರಡು ವರ್ಷದಿಂದ ನಮ್ಮದು ತಿಂಗಳಿಗೊಂದು ಫೋನು. "ಊಟ ಆಯ್ತಾ?" "ಆಯ್ತು." ಅಲ್ಲಿಗೆ ಇಬ್ಬರಿಗೂ ಮಾತು ಮುಗಿಯುತ್ತದೆ. ನಾನು ದೂರುತ್ತಿಲ್ಲ. ನಿನ್ನ ಬಳಗದವರಿಗೆ ಒಂದು ನಮಸ್ಕಾರ ತಿಳಿಸು, ಅವರ ಕಟ್ಟುಪಾಡಿನ ದಯೆಯಿಂದ ನನ್ನ ಮನೆಗೆ ಒಂದು ಕಾಗದ ಬಂತು.

ಈಗ ಅಭಿಪ್ರಾಯ. ಬರೆದವರಿಗೆ ಬರೆಯಲು ಬರುತ್ತದೆ, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಕ್ಕರೆ ಜಾಸ್ತಿ. ದೋಣಿಯವನಿಗೆ ಒಂಟಿ ಕಿವಿಯೋಲೆ ಸಿಕ್ಕರೆ ಅದರ ಹಿಂದೊಂದು ಮುರಿದ ಪ್ರೀತಿ ಇರುತ್ತದೆ. ಕೊಡೆ ಸಿಕ್ಕರೆ ಅದರಡಿ ಒಬ್ಬ ಬಡಪಾಯಿ ತಾಯಿ ನಿಂತಿರುತ್ತಾಳೆ. ನಮ್ಮ ಲಾಂಡ್ರಿಯಲ್ಲಿ ಬಟ್ಟೆಯ ಜೇಬು ನೋಡುವ ಕೆಲಸ ಎಷ್ಟೋ ವರ್ಷದಿಂದ ನನ್ನದೇ ಎಂದು ನಿನಗೆ ಗೊತ್ತಲ್ಲ. ಸಿಕ್ಕಿದ್ದನ್ನು ಚಿಕ್ಕ ಕವರಿಗೆ ಹಾಕಿ ಆ ಬಟ್ಟೆಗೇ ಪಿನ್ ಹೊಡೆಯುತ್ತೇವೆ. ಅಷ್ಟಕ್ಕೂ ಸಿಗುವುದೇನು? ಬಸ್ ಟಿಕೆಟ್ಟು, ಕೆಮ್ಮಿನ ಮಾತ್ರೆ, ನೆನೆದು ಮುದ್ದೆಯಾದ ಕಾಗದ. ಒಂದು ಸಲ ಹಲ್ಲಿನ ಸೆಟ್ಟು ಸಿಕ್ಕಿತ್ತು. ಬಟ್ಟೆ ಒಯ್ಯಲು ಬಂದ ದೊಡ್ಡ ಮನುಷ್ಯರು ಅದು ತಮ್ಮದಲ್ಲವೇ ಅಲ್ಲ ಎಂದು ಹಲ್ಲಿಲ್ಲದ ಬಾಯಲ್ಲೇ ಅರ್ಧ ಗಂಟೆ ವಾದ ಮಾಡಿದರು. ಇದನ್ನು ಯಾರೂ ಕಾದಂಬರಿ ಬರೆಯುವುದಿಲ್ಲ.

ಇನ್ನು ಆ ಶಾಲಿನ ವಿಷಯ. ಸತ್ತ ಹೆಂಡತಿಯ ಉಣ್ಣೆ ಶಾಲನ್ನು ಹನ್ನೆರಡು ವರ್ಷ ಒಗೆಯದೆ ಇಟ್ಟುಕೊಂಡು, ಅಧ್ಯಾಯಕ್ಕೊಂದು ಸಲ ಮೂಗಿಗೆ ಹಿಡಿದು ಅಳುತ್ತಾನೆ. ಮನೆ ಇರುವುದು ಹೊಳೆಯ ದಂಡೆಯಲ್ಲಿ. ಅಷ್ಟು ವರ್ಷಕ್ಕೆ ಅದರಲ್ಲಿ ಹೆಂಡತಿಯ ವಾಸನೆ ಎಲ್ಲಿರುತ್ತದೆ, ಬೂಷ್ಟಿನ ವಾಸನೆ ಇರುತ್ತದೆ. ನನ್ನ ಕೈಗೆ ಸಿಕ್ಕಿದ್ದರೆ ಮೊದಲ ದಿನವೇ ನೆನೆಹಾಕುತ್ತಿದ್ದೆ.

ಈ ಮೇಲಿನ ಸಾಲು ಬರೆಯಬಾರದಿತ್ತೇನೋ. ಹೊಡೆದುಹಾಕೋಣವೆಂದರೆ, ಹೊಡೆದರೂ ಓದಲು ಬರುತ್ತದೆ. ಬಳಗದಲ್ಲಿ ಓದುವಾಗ ನಿನಗೆ ಬೇಡವೆನಿಸಿದರೆ ಅದನ್ನು ಬಿಟ್ಟು ಓದು.

ನಾನು ಇನ್ನೂ ಕಾಲು ಭಾಗ ಓದಿದ್ದೇನೆ ಅಷ್ಟೆ. ಬೇಗ ಮುಗಿಸಬೇಕೆಂಬ ಅವಸರವಿಲ್ಲ ತಾನೆ? ಓದಿದಷ್ಟಕ್ಕೆ ಆಗಾಗ ಬರೆಯುತ್ತಿರುತ್ತೇನೆ. ಕಣ್ಣು ಮೊದಲಿನಂತಿಲ್ಲ, ನಿಧಾನವಾಗುತ್ತದೆ.

ನಿನ್ನ,
ಅಮ್ಮ


೨೮ ಜೂನ್

ಅಮ್ಮನಿಗೆ,

ನಿನ್ನ ಪತ್ರ ಓದಿದೆ. ಹಲ್ಲಿನ ಸೆಟ್ಟಿಗೆ ಮಹಡಿಯಲ್ಲಿ ಕೂತವರೆಲ್ಲ ಬಿದ್ದುಬಿದ್ದು ನಕ್ಕರು. ಇನ್ನುಮುಂದೆ ನಿನ್ನ ಅಭಿಪ್ರಾಯ ಬಾರದೆ ಸಭೆ ಶುರು ಮಾಡುವುದಿಲ್ಲವಂತೆ. ಹಾಗಾಗಿ ನೀನು ನಿಧಾನವಾಗಿಯೇ ಓದು.

ಅವರ ಅಭಿಪ್ರಾಯಗಳನ್ನೂ ಕೇಳು. ಹೊಸದಾಗಿ ಮದುವೆಯಾದ ಒಬ್ಬಳಿದ್ದಾಳೆ. ಪುಸ್ತಕ ತೆರೆಯುವ ಮೊದಲೇ ಕರವಸ್ತ್ರ ತೆಗೆಯುತ್ತಾಳೆ. ಇದನ್ನು ಓದಿದಾಗಿನಿಂದ ಗಂಡ ಕೆಲಸಕ್ಕೆ ಹೋದ ಮೇಲೆ ಅವನ ಟವೆಲ್ ಒಗೆಯಲು ಕೈಯೇ ಏಳುವುದಿಲ್ಲವಂತೆ. "ಹಾಗೇ ಹಗ್ಗದ ಮೇಲೆ ಬಿಟ್ಟಿರ್ತೀನಿ, ಅವರು ಬಂದ್ಮೇಲೆ ಬೈತಾರೆ" ಎಂದಳು. ನಿವೃತ್ತ ಬಸ್ ಕಂಡಕ್ಟರ್ ಒಬ್ಬರಿದ್ದಾರೆ. "ನನ್ನ ಬಸ್ಸಲ್ಲಿ ಮರೆತುಹೋದ ಸಾಮಾನಿಗೆಲ್ಲ ನಾನು ಅಳ್ತಾ ಕೂತಿದ್ರೆ ಟಿಕೆಟ್ ಯಾರ್ರೀ ಹರೀತಿದ್ರು?" ಎಂದು ಅವರ ಪ್ರಶ್ನೆ. ಆದರೆ ದೋಣಿಯವನು ಕೊಡೆಯನ್ನು ಆ ತಾಯಿಗೆ ತಲುಪಿಸುವ ಪುಟ ಓದುವಾಗ ಅವರ ದನಿಯೂ ಸ್ವಲ್ಪ ಒಡೆಯಿತು.

ಮೂರನೆಯವರು ಔಷಧಿ ಅಂಗಡಿಯವರು. ಮಾತು ಕಡಿಮೆ, ಇರುವ ಮಾತೂ ಒರಟು. ನಿನ್ನ ಶಾಲಿನ ಸಾಲನ್ನು ನಾನು ಬಿಡದೆ ಓದಿದೆ. ಎಲ್ಲರೂ ನಗುವಾಗ ಅವರೊಬ್ಬರೇ ನಗಲಿಲ್ಲ. "ನಿಮ್ಮ ತಾಯಿಯವರಿಗೆ ಒಂದು ಪ್ರಶ್ನೆ. ಎಲ್ಲ ಒಗೆದು ತೆಗೆದ್ಮೇಲೆ ಆ ಬಟ್ಟೆ ಯಾರದ್ದು ಅಂತ ಹೇಗೆ ಗೊತ್ತಾಗುತ್ತೆ?" ಎಂದು ಕೇಳಿದರು. ಕೇಳಿದ್ದನ್ನು ತಲುಪಿಸುವುದು ನನ್ನ ಕೆಲಸ, ತಲುಪಿಸಿದ್ದೇನೆ. ಬೇಜಾರು ಮಾಡಿಕೊಳ್ಳಬೇಡ.

ಮೊಣಕಾಲಿಗೆ ಬಿಸಿನೀರಿನ ಶಾಖ ಕೊಡು.

ಇಂತಿ,
ಮಗಳು


೬ ಜುಲೈ

ಪುಟ್ಟಿಗೆ,

ನಿನ್ನ ಪತ್ರವನ್ನು ಎಷ್ಟು ಸಲ ಓದಿದೆ ಎಂದು ಹೇಳಿದರೆ ನೀನು ನಗುತ್ತೀಯ. ನಮ್ಮ ಲಾಂಡ್ರಿಯಲ್ಲಿ ಇಸ್ತ್ರಿ ಮಾಡುವವಳಿಗೂ ಓದಿ ಹೇಳಿದೆ. ಅವಳಿಗೆ ಕಂಡಕ್ಟರ್ ಬಹಳ ಹಿಡಿಸಿದರು. ಅವರಿಗೆ ಹೆಂಡತಿ ಇದ್ದಾರೆಯೇ ಎಂದು ಕೇಳುತ್ತಾಳೆ, ಅವಳದು ಯಾವಾಗಲೂ ಅದೇ ಯೋಚನೆ.

ಮದುಮಗಳಿಗೆ ಹೇಳು, ಟವೆಲನ್ನು ಮಾತ್ರ ದಿನ ಬಿಟ್ಟು ದಿನವಾದರೂ ಒಗೆಯಲಿ. ಪ್ರೀತಿಗೆ ಬೇಕಾದರೆ ಅವನ ಬೇರೇನಾದರೂ ಇಟ್ಟುಕೊಳ್ಳಲಿ.

ಔಷಧಿ ಅಂಗಡಿಯವರ ಪ್ರಶ್ನೆಗೆ ಉತ್ತರ: ಕಾಲರಿನ ಒಳಗೆ ಗುರುತಿನ ಚೀಟಿ ಹಾಕಿರುತ್ತೇವೆ, ಅದರಿಂದ ಗೊತ್ತಾಗುತ್ತದೆ. ಅವರು ಕೇಳಿದ್ದು ಇದನ್ನಲ್ಲ ಎಂದು ನನಗೂ ತಿಳಿಯುತ್ತದೆ. ಅವರು ಯಾರನ್ನಾದರೂ ಕಳೆದುಕೊಂಡವರಿರಬೇಕು. ಮೆಲ್ಲಗೆ ವಿಚಾರಿಸು, ನೇರವಾಗಿ ಬೇಡ. ಅಂಥವರಿಗೆ ನೇರವಾಗಿ ಕೇಳಿದರೆ ಸಿಟ್ಟು ಬರುತ್ತದೆ.

ದೋಣಿಯವನು ಈಗ ಒಂದು ಚಿಕ್ಕ ಬೂಟಿನ ಒಡೆಯನನ್ನು ಹುಡುಕುತ್ತಿದ್ದಾನೆ. ಅವನಿಗೆ ಅಡುಗೆ ಯಾರು ಮಾಡುತ್ತಾರೆ ಎಂದು ಇಲ್ಲಿಯವರೆಗೆ ಎಲ್ಲೂ ಬರೆದಿಲ್ಲ. ಒಬ್ಬರೇ ಇರುವವರ ಕಥೆ ಬರೆಯುವವರು ಅವರ ಊಟದ ಬಗ್ಗೆ ಯಾಕೆ ಬರೆಯುವುದಿಲ್ಲ? ಒಬ್ಬರಿಗಾಗಿ ಒಲೆ ಹಚ್ಚುವುದು ಎಷ್ಟು ಬೇಸರ ಎಂದು ಅವರಿಗೆ ಗೊತ್ತಿಲ್ಲವೆಂದು ಕಾಣುತ್ತದೆ. ಇದನ್ನೂ ನನ್ನ ಅಭಿಪ್ರಾಯಕ್ಕೆ ಸೇರಿಸಿಕೋ.

ಭಾನುವಾರ ನೀವೆಲ್ಲ ಮಹಡಿಯಲ್ಲಿ ಸೇರುವ ಹೊತ್ತಿಗೆ ನಾನೂ ಕುರ್ಚಿಯನ್ನು ಕಿಟಕಿಯ ಹತ್ತಿರ ಎಳೆದುಕೊಂಡು ಪುಸ್ತಕ ತೆರೆಯುತ್ತೇನೆ. ಎದುರು ಮನೆಯವರು ಖಾಲಿ ಮಾಡಿಕೊಂಡು ಹೋದ ಮೇಲೆ ಆ ಕಡೆ ನೋಡಲು ಏನೂ ಇಲ್ಲ. ಪುಸ್ತಕದಲ್ಲಿ ಇನ್ನೂ ಅರ್ಧಕ್ಕಿಂತ ಹೆಚ್ಚು ಉಳಿದಿದೆ ಎನ್ನುವುದು ಒಂದು ಸಮಾಧಾನ. ಮುಗಿದರೆ ನಿನಗೆ ಏನೆಂದು ಬರೆಯುವುದು?

ನಿನ್ನ,
ಅಮ್ಮ


೧೮ ಆಗಸ್ಟ್

ಅಮ್ಮನಿಗೆ,

ತಡವಾಯಿತು. ಅಂಗಡಿಯಲ್ಲಿ ಕೆಲಸ ಹೆಚ್ಚಿತ್ತು ಎಂದು ಬರೆಯಬಹುದು, ಆದರೆ ಹಾಗೇನೂ ಇರಲಿಲ್ಲ.

ಬಳಗದಲ್ಲಿ ನಮ್ಮ ಮನೆಯ ವಿಷಯ ಹೇಳಿಬಿಟ್ಟೆ. ಶಾಲಿನ ಚರ್ಚೆ ಎಲ್ಲೆಲ್ಲಿಗೋ ಹೋಗುತ್ತಿತ್ತು. ಮದುಮಗಳು, "ದೋಣಿಯವನ ಶಾಲನ್ನ ಯಾರಾದ್ರೂ ಒಗೆದುಬಿಟ್ಟಿದ್ರೆ?" ಎಂದು ಕೇಳಿದಳು. ನನ್ನ ಬಾಯಿ ತಡೆಯಲಿಲ್ಲ. ನನಗೊಬ್ಬ ತಮ್ಮ ಇದ್ದ ಎಂದೆ. ಆರಡಿ ಬೆಳೆದ ಮೇಲೂ ಮನೆಯಲ್ಲಿ ಅವನನ್ನು ಕುಳ್ಳ ಎಂದೇ ಕರೆಯುತ್ತಿದ್ದೆವು ಎಂದೆ. ಕೆಲಸ ಮುಗಿಸಿ ಬರುವಾಗ ಲಾರಿ ಗುದ್ದಿತು, ರಸ್ತೆ ಬಂದ್ ಆಗಿದ್ದರಿಂದ ನಾನು ಬಂದು ಮುಟ್ಟಿದಾಗ ಮೂರನೇ ದಿನ, ಅವನನ್ನು ಆಗಲೇ ಮಣ್ಣು ಮಾಡಿ ಆಗಿತ್ತು. ಮುಖ ನೋಡಲು ಸಿಗಲಿಲ್ಲ. ಅವನ ಒಂದು ಶರ್ಟಾದರೂ ಇರಲಿ ಎಂದು ಕಪಾಟು ತೆರೆದರೆ ಎಲ್ಲ ಒಗೆದು, ಇಸ್ತ್ರಿ ಮಾಡಿ, ಅಂಗಡಿಯಲ್ಲಿ ಮಾರಾಟಕ್ಕಿಟ್ಟ ಹಾಗೆ ಜೋಡಿಸಿತ್ತು. ದಿಂಬಿನ ಚೀಲ ಕೂಡ. ಇಡೀ ಮನೆ ಸೋಪಿನ ವಾಸನೆ.

ಔಷಧಿ ಅಂಗಡಿಯವರು ಎದ್ದು ನಿಂತರು. "ಒಂದೇ ಒಂದು ಕರವಸ್ತ್ರ ಬಿಟ್ಟಿದ್ರೂ ಸಾಕಿತ್ತಲ್ರೀ. ಅವರಿಗೆ ಅವನನ್ನ ಅಷ್ಟು ಬೇಗ ತೊಳೆದುಹಾಕ್ಬೇಕಿತ್ತಾ? ಒಗೆಯೋವಾಗ ಅತ್ತಿದ್ರಾ, ಕೇಳಿ" ಎಂದರು.

ನಾನು ನಿನ್ನ ಪರವಾಗಿ ಒಂದು ಮಾತೂ ಆಡಲಿಲ್ಲ.

ಇಂತಿ,
ಮಗಳು


೨೭ ಆಗಸ್ಟ್

ಪುಟ್ಟಿಗೆ,

ಈ ಪತ್ರ ನಿನಗಲ್ಲ, ಔಷಧಿ ಅಂಗಡಿಯವರಿಗೆ. ಅವರು ಕೇಳಿದ್ದಾರೆ, ಅವರಿಗೇ ಹೇಳುತ್ತೇನೆ. ನಿನಗೆ ಹೇಳಲು ಹೋದಾಗಲೆಲ್ಲ ಊಟ ಆಯ್ತಾ ಎಂದು ಕೇಳಿಬಿಡುತ್ತೇನೆ. ಗೊತ್ತಿಲ್ಲದವರಿಗೆ ಹೇಳುವುದು ಸುಲಭ. ಬರುವ ಭಾನುವಾರ ಎಲ್ಲರೆದುರು ಓದು, ಬಿಡದೆ ಓದು.

ಸ್ವಾಮಿ, ಆಸ್ಪತ್ರೆಯವರು ಅವನ ಬಟ್ಟೆಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ನನ್ನ ಕೈಗೆ ಕೊಟ್ಟರು. ಮನೆಗೆ ತಂದೆ. ಅಕ್ಕಪಕ್ಕದವರು ಬಂದು ಕೂತರು, ಏನಾದರೂ ಬೇಕಾ ಎಂದು ಕೇಳಿದರು. ನನಗೆ ಬೇಕಾದದ್ದು ಅವರಲ್ಲಿ ಯಾರ ಹತ್ತಿರವೂ ಇರಲಿಲ್ಲ. ಅವರು ಹೋದ ಮೇಲೆ ಚೀಲ ಬಿಚ್ಚಿದೆ. ಶರ್ಟಿನ ಎದೆಯಿಂದ ಕೆಳಗೆ ಪೂರ್ತಿ ರಕ್ತ. ನನಗೆ ಬಂದದ್ದು ಒಂದೇ ಯೋಚನೆ: ಮಗಳು ದಾರಿಯಲ್ಲಿದ್ದಾಳೆ, ಅವಳು ಬರುವಷ್ಟರಲ್ಲಿ ಇದು ಹೋಗಬೇಕು. ಅವಳು ತನ್ನ ತಮ್ಮನನ್ನು ಈ ಕಲೆಯಲ್ಲಿ ನೋಡಬಾರದು.

ರಕ್ತಕ್ಕೆ ಬಿಸಿನೀರು ಹಾಕಿದರೆ ಕಲೆ ಕೂತುಬಿಡುತ್ತದೆ, ತಣ್ಣೀರೇ ಆಗಬೇಕು. ನಾನು ತಣ್ಣೀರನ್ನೇ ಹಾಕಿದೆ. ಹೆತ್ತ ಮಗ ಹೋಗಿದ್ದಾನೆ, ಕೈ ಮಾತ್ರ ತನ್ನ ಕೆಲಸ ಮರೆತಿಲ್ಲ. ನನ್ನ ಕೈಯ ಮೇಲೆ ನನಗೇ ಹೇಸಿಗೆಯಾಯಿತು. ಆದರೂ ನಿಲ್ಲಿಸಲು ಆಗಲಿಲ್ಲ. ಶರ್ಟು ಮುಗಿಯಿತು. ಮುಗಿದ ಮೇಲೆ ಏನು ಮಾಡಬೇಕೆಂದು ತಿಳಿಯದೆ ಇನ್ನೊಂದು ತೆಗೆದುಕೊಂಡೆ. ಆಮೇಲೆ ಕಪಾಟಿನಲ್ಲಿದ್ದುದೆಲ್ಲ, ಹೊದಿಕೆ, ದಿಂಬಿನ ಚೀಲ, ಕಾಲುಚೀಲ. ಒಗೆಯುತ್ತಿರುವಷ್ಟು ಹೊತ್ತು ಅವನ ಬಟ್ಟೆ ಒಗೆಯುವುದು ಇನ್ನೂ ಇದೆ ಎನಿಸುತ್ತಿತ್ತು. ಒಗೆಯುವ ಬಟ್ಟೆ ಇದ್ದರೆ ಅದನ್ನು ಹಾಕಿಕೊಳ್ಳುವವನೂ ಇರುತ್ತಾನಲ್ಲ.

ಅತ್ತಿದ್ರಾ ಎಂದು ಕೇಳಿದ್ದೀರಿ. ಅಳಲಿಲ್ಲ. ಎಲ್ಲ ಒಣಗಿದ ಮೇಲೆ ಅತ್ತೆ. ಅದನ್ನು ನೋಡಲು ಯಾರೂ ಇರಲಿಲ್ಲ.

ಮಗಳಿಗೆ ಆ ಬಟ್ಟೆ ಮೂಗಿಗೆ ಹಿಡಿಯಲು ಬೇಕಾಗುತ್ತದೆ ಎಂದು ನನಗೆ ಹೊಳೆಯಲೇ ಇಲ್ಲ. ನಮ್ಮ ಕೆಲಸದಲ್ಲಿ ಬಟ್ಟೆಯನ್ನು ಮೂಗಿಗೆ ಹಿಡಿಯುವುದು ವಾಸನೆ ಹೋಯಿತೇ ಎಂದು ನೋಡಲಿಕ್ಕೆ. ಉಳಿದಿದೆಯೇ ಎಂದು ನೋಡಲಿಕ್ಕೆ ನಾನು ಯಾವತ್ತೂ ಹಿಡಿದವಳಲ್ಲ. ಅವಳು ಕಪಾಟಿನ ಮುಂದೆ ನಿಂತು ಒಂದೊಂದೇ ಶರ್ಟು ಎತ್ತಿ ಮುಖಕ್ಕೆ ಒತ್ತಿಕೊಂಡಾಗ, ಚೆನ್ನಾಗಿ ಒಗೆದಿದ್ದೇನೆಯೇ ಎಂದು ನೋಡುತ್ತಿದ್ದಾಳೆ ಅಂದುಕೊಂಡೆ. "ಕಲೆ ಒಂಚೂರೂ ಉಳಿದಿಲ್ಲ ಕಣೇ" ಎಂದು ಹೇಳಿದೆ. ಅವಳು ನನ್ನ ಮುಖ ನೋಡಿದಳು. ಮಾರನೆಯ ದಿನವೇ ಹೊರಟುಹೋದಳು. ನನಗಿದ್ದದ್ದು ಇಬ್ಬರು ಮಕ್ಕಳು, ಒಂದೇ ವಾರದಲ್ಲಿ ಇಬ್ಬರೂ ಹೋದರು.

ಇಷ್ಟೇ ಸ್ವಾಮಿ ನನ್ನ ಅಭಿಪ್ರಾಯ.

ಪುಟ್ಟಿ, ಪುಸ್ತಕ ಮುಗಿಯಿತು. ನಿಜ ಹೇಳಬೇಕೆಂದರೆ ಜುಲೈ ಕೊನೆಯಲ್ಲೇ ಮುಗಿದಿತ್ತು, ಹೇಳಲಿಲ್ಲ. ನಿಮ್ಮ ಬಳಗವೂ ಸೆಪ್ಟೆಂಬರ್ ಕೊನೆಗೆ ಬೇರೆ ಪುಸ್ತಕ ಹಿಡಿಯುತ್ತದೆ. ಅದಕ್ಕೆ ಮುಂಚೆ ಒಂದು ಸಲ ನಾನೇ ಬಂದು ಅವರೆಲ್ಲರನ್ನೂ ನೋಡಬೇಕೆಂದಿದ್ದೇನೆ. ಆ ತಿಂಗಳ ಮೂರನೇ ಭಾನುವಾರಕ್ಕೆ ಬಸ್ಸಿನ ಟಿಕೆಟ್ ತೆಗೆಸಿದ್ದೇನೆ. ಔಷಧಿ ಅಂಗಡಿಯವರ ಎದುರಿಗೆ ಕೂರುತ್ತೇನೆ, ಇನ್ನೂ ಏನು ಕೇಳಬೇಕೋ ಕೇಳಲಿ. ಒಂದು ಕುರ್ಚಿ ಹೆಚ್ಚಿಗೆ ಹಾಕಿಸು. ಮೆಟ್ಟಿಲಿನ ಚಿಂತೆ ಬೇಡ, ಕೂತು ಕೂತು ಹತ್ತುತ್ತೇನೆ.

ನಿನ್ನ,
ಅಮ್ಮ


೯ ಸೆಪ್ಟೆಂಬರ್

ಅಮ್ಮಾ,

ಬರಬೇಡ. ಮಹಡಿಯಲ್ಲಿ ಯಾರೂ ಇಲ್ಲ.

ಬಳಗ ಎನ್ನುವುದು ಮೊದಲು ನಿಜವಾಗಿಯೂ ಇತ್ತಂತೆ. ಕೈಬರಹದ ಕಟ್ಟುಪಾಡೂ ಅವರದ್ದೇ. ಗ್ರಂಥಾಲಯದ ಗೋಡೆಯ ಮೇಲೆ ಅದರದೊಂದು ಹಳೆಯ ಚೀಟಿ ಇತ್ತು. ಯಾರಾದರೂ ಮಾತಿಗೆ ಸಿಕ್ಕಾರು ಎಂದು ತಲೆ ಬಾಚಿಕೊಂಡು, ಒಳ್ಳೆಯ ಬಟ್ಟೆ ಹಾಕಿಕೊಂಡು ಒಂದು ಭಾನುವಾರ ಹೋದೆ. ಮೇಲೆ ಕುರ್ಚಿಗಳನ್ನು ಒಂದರ ಮೇಲೊಂದು ಪೇರಿಸಿತ್ತು. ಗ್ರಂಥಪಾಲಕಿ, "ಅಯ್ಯೋ, ಅದು ನಿಂತೇ ಎಷ್ಟೋ ಕಾಲ ಆಯ್ತಲ್ಲ, ಚೀಟಿ ಕೀಳೋಕೆ ಮರೆತೆ" ಎಂದರು. ಪಾಪ ಎನಿಸಿತೋ ಏನೋ, ಬಳಗದವರು ಕೊನೆಗೆ ಓದುತ್ತಿದ್ದ ಪುಸ್ತಕ ಎಂದು ಇದನ್ನು ಕೊಟ್ಟರು.

ರೂಮಿಗೆ ತಂದು ಒಬ್ಬಳೇ ಓದಿದೆ. ಶಾಲಿನ ಪುಟಕ್ಕೆ ಬಂದಾಗ ಪುಸ್ತಕವನ್ನು ಗೋಡೆಗೆ ಎಸೆದೆ. ನಿನಗೇ ಎಸೆಯಬೇಕು ಎನಿಸಿತು. ಅದಕ್ಕೇ ಬಳಗದ ನೆಪ ಮಾಡಿ ಅಂಚೆಗೆ ಹಾಕಿದೆ. ಆಮೇಲೆ ನಿನ್ನ ಉತ್ತರ ಬಂತು. ಹಲ್ಲಿನ ಸೆಟ್ಟು ಓದಿ ನಕ್ಕೆ. ಎಷ್ಟೋ ತಿಂಗಳ ಮೇಲೆ ಆ ರೂಮಿನಲ್ಲಿ ನನ್ನ ನಗುವಿನ ಸದ್ದು ನನಗೇ ಕೇಳಿ ವಿಚಿತ್ರವೆನಿಸಿತು. ಒಬ್ಬಳೇ ನಕ್ಕೆ ಎಂದು ಬರೆಯಲು ನಾಚಿಕೆಯಾಯಿತು, ಎಲ್ಲರೂ ನಕ್ಕರು ಎಂದು ಬರೆದೆ. ಆ ಮೂವರೂ ಅಲ್ಲಿಂದ ಹುಟ್ಟಿದರು.

ಮದುಮಗಳು ಕನ್ನಡಕ ತೆಗೆದುಕೊಂಡು ಹೋಗಲು ಒಂದು ಸಲ ಬಂದಿದ್ದಳು. ಕಂಡಕ್ಟರ್ ನಾನು ಬರುವ ಬಸ್ಸಿನಲ್ಲಿದ್ದರು, ಈಗ ಕಾಣುವುದಿಲ್ಲ. ಔಷಧಿ ಅಂಗಡಿಯವರು ನಮ್ಮ ಅಂಗಡಿಯ ಎದುರಿಗೇ ಇದ್ದಾರೆ. "ಚಿಲ್ಲರೆ ಕೊಡಮ್ಮ" ಎನ್ನುವುದು ಬಿಟ್ಟು ಬೇರೆ ಮಾತು ಆಡಿದವರಲ್ಲ. ಅವರ ಬಾಯಲ್ಲಿ ನಾನು ಹಾಕಿದ ಮಾತೆಲ್ಲ ನನ್ನದು. ನನಗೆ ನೇರವಾಗಿ ಕೇಳಲು ಆಗಲಿಲ್ಲ, ಅವರನ್ನು ಮುಂದೆ ಬಿಟ್ಟೆ.

ನೀನು ಅವರಿಗೆ ಬರೆದ ಪತ್ರವನ್ನು ನಾನೇ ಗಟ್ಟಿಯಾಗಿ ಓದಿದೆ, ನೀನು ಹೇಳಿದ ಹಾಗೆ ಬಿಡದೆ. ಓದಲು ಬಹಳ ಹೊತ್ತು ಹಿಡಿಯಿತು. ರಕ್ತದ ವಿಷಯ ನನಗೆ ಗೊತ್ತಿರಲಿಲ್ಲ. ನನಗಾಗಿ ಒಗೆದೆ ಎನ್ನುವುದೂ ಗೊತ್ತಿರಲಿಲ್ಲ. ಆದರೂ ಅಮ್ಮ, ಗೊತ್ತಾದ ಕೂಡಲೇ ಸಿಟ್ಟು ಹೋಗುತ್ತದೆ ಎಂದುಕೊಂಡಿದ್ದೆ. ಹೋಗಿಲ್ಲ. ಸುಳ್ಳು ಹೇಳಿ ಸಾಕಾಗಿದೆ, ಅದಕ್ಕೆ ಬರೆಯುತ್ತಿದ್ದೇನೆ. ಟಿಕೆಟ್ ರದ್ದು ಮಾಡಿಸು.

ಇಂತಿ,
ನಿನ್ನ ಮಗಳು


೧೫ ಸೆಪ್ಟೆಂಬರ್

ಪುಟ್ಟಿ,

ನಿನ್ನ ಪತ್ರವನ್ನು ಲಾಂಡ್ರಿಯಲ್ಲೇ ಒಡೆದು ಓದಿದೆ. ಇಸ್ತ್ರಿಯವಳು ನನ್ನ ಮುಖ ನೋಡಿ, "ಯಾಕಕ್ಕ, ಏನಾಯ್ತು?" ಎಂದಳು. "ಮೂರು ಜನ ಹೋಗ್ಬಿಟ್ರು ಕಣೇ" ಎಂದೆ. ಅವಳು ಗಾಬರಿಯಾಗಿ ಇಸ್ತ್ರಿ ಪೆಟ್ಟಿಗೆ ಎತ್ತಿಟ್ಟು ಓಡಿಬಂದಳು. ಕಂಡಕ್ಟರ್ ಇಲ್ಲ ಎಂದು ತಿಳಿದಾಗ ನನಗಿಂತ ಅವಳಿಗೇ ಹೆಚ್ಚು ದುಃಖವಾಯಿತು.

ಸುಳ್ಳು ಹೇಳಿದೆ ಎಂದು ನನಗೆ ಕೋಪವಿಲ್ಲ. ನಾನೂ ಓದಿ ಮುಗಿಸಿದ ಪುಸ್ತಕವನ್ನು ಮುಗಿದಿಲ್ಲ ಎಂದು ಎಳೆದವಳೇ. ನನ್ನ ಸಂಕಟ ಬೇರೆ. ಈ ಮೂರು ತಿಂಗಳು ನಾನು ನೆಮ್ಮದಿಯಾಗಿದ್ದೆ. ನನ್ನ ಮಗಳ ಸುತ್ತ ಜನ ಇದ್ದಾರೆ, ಅಳುವವಳು ಒಬ್ಬಳು, ನಗಿಸುವವರು ಒಬ್ಬರು, ಅವಳ ಪರವಾಗಿ ಎದ್ದು ನಿಂತು ನನ್ನನ್ನು ಬೈಯುವವರು ಒಬ್ಬರು. ಬೈದರೆ ಬೈಯಲಿ, ಅವಳ ಕಡೆಯವರು ಅಂತ ಒಬ್ಬರಿದ್ದಾರಲ್ಲ ಎಂದು ಒಳಗೊಳಗೇ ಹಿಗ್ಗುತ್ತಿದ್ದೆ. ಈಗ ನೋಡಿದರೆ ಅಷ್ಟು ದಿನವೂ ಆ ರೂಮಿನಲ್ಲಿ ನೀನೊಬ್ಬಳೇ ಕೂತಿದ್ದೆ. ನಾನು ಇಲ್ಲಿ ಒಬ್ಬಳೇ ಇರುವುದು ನನಗೆ ಅಭ್ಯಾಸವಾಗಿದೆ. ನೀನು ಹೀಗಿದ್ದೀಯ ಎಂದು ತಿಳಿದಿರಲಿಲ್ಲ.

ಟಿಕೆಟ್ ರದ್ದು ಮಾಡಿಸಿಲ್ಲ. ಭಾನುವಾರ ಮಧ್ಯಾಹ್ನ ಬಸ್ಸು ಬರುತ್ತದೆ. ಮಹಡಿ ಬೇಡ, ನಿನ್ನ ರೂಮಿಗೇ ಕರೆದುಕೊಂಡು ಹೋಗು.

ಸಿಟ್ಟು ಇನ್ನೂ ಹೋಗಿಲ್ಲ ಎಂದು ಬರೆದಿದ್ದೀಯ. ಇರಲಿ, ಯಾರ ಬಾಯಿಗೂ ಹಾಕದೆ ಹಾಗೇ ಇಟ್ಟುಕೊಂಡಿರು. ನಾನು ಬಂದು ಎದುರಿಗೆ ಕೂರುತ್ತೇನೆ, ನೀನೇ ಬೈ. ನನ್ನ ಮೊಣಕಾಲು ನೋಡಿ ಕನಿಕರ ಬಂದರೂ ಬೈಯುವುದನ್ನು ನಿಲ್ಲಿಸಬೇಡ. ನನ್ನನ್ನು "ಅಮ್ಮಾ" ಎಂದು ಕೂಗಿ ಜಗಳ ಆಡುವವರು ಯಾರೂ ಇಲ್ಲದೆ ಎರಡು ವರ್ಷವಾಯಿತು.

ಬರುತ್ತಿದ್ದೇನೆ.

ಅಮ್ಮ